ಶ್ರಮಜೀವಿ ಜೋಸೆಫ್ ಆರ್ಚ್ ಮತ್ತು ವಾಯವ್ಯ ನಾರ್ಫೋಕ್ ಮತಕ್ಷೇತ್ರ

ಸಂಸದೀಯ ಪ್ರಜಾಪ್ರಭುತ್ವದ ತವರೆಂದು ಹೆಸರಾದ ಇಂಗ್ಲೆಂಡಿನಲ್ಲಿ ಹೊಲದಲ್ಲಿ ದುಡಿಯುವ ಕೂಲಿಕಾರನಿಗೆ ಮತದಾನದ ಹಕ್ಕು ದೊರೆತದ್ದು 1884ರಲ್ಲಿ ಎಂದರೆ ಅನೇಕರಿಗೆ ಆಶ್ಚರ್ಯವಾದೀತು. ಅಷ್ಟರಲ್ಲಿ ಆ ದೇಶದ ಸಂಸತ್ತಿಗೆ ಆರು ಶತಮಾನಗಳ ವಯಸ್ಸಾಗಿತ್ತು. ಅರಸರು ಬಂದರು, ಹೋದರು. ಮಂತ್ರಿಮಂಡಲಗಳು ಏರಿದವು, ಇಳಿದವು. ಸಾಗರಗಳಾಚೆ ಸಾಮ್ರಾಜ್ಯ ಹಬ್ಬಿತು. ಆದರೆ ದೇಶಕ್ಕೆಲ್ಲ ರೊಟ್ಟಿಯ ಗೋದಿಯನ್ನು ಬೆಳೆದುಕೊಡುತ್ತಿದ್ದವನ ಮಾತು ಆ ಸಭೆಯೊಳಗೆ ಕೇಳಿಬಂದಿರಲಿಲ್ಲ. ಅದು ಮೊದಲಿಗೆ ಕೇಳಿಬಂದದ್ದು ಒಬ್ಬ ಬೇಲಿ ಸವರುವ ಕಸುಬಿನವನ ಬಾಯಿಂದ. ಆತನೇ ಜೋಸೆಫ್ ಆರ್ಚ್. ಆತನನ್ನು ಆರಿಸಿ ಕಳುಹಿಸಿದ್ದು ಇಂಗ್ಲೆಂಡಿನ ಪೂರ್ವ ಕರಾವಳಿಯ ವಾಯವ್ಯ ನಾರ್ಫೋಕ್ ಎಂಬ ಗ್ರಾಮೀಣ ಮತಕ್ಷೇತ್ರ. 1885ರಲ್ಲಿ ಹುಟ್ಟಿ 1918ರಲ್ಲಿ ಅಳಿದುಹೋದ ಆ ಕ್ಷೇತ್ರದ ಚರಿತ್ರೆಯೂ ಈ ಮಹನೀಯರ ಜೀವನವೂ ಒಂದರೊಳಗೊಂದು ಹೆಣೆದುಕೊಂಡಿವೆ.

ಆರ್ಚ್ ಜನಿಸಿದ್ದು ನಾರ್ಫೋಕಿನಲ್ಲಲ್ಲ. ಮಧ್ಯ ಇಂಗ್ಲೆಂಡಿನ ವಾರ್ವಿಕ್‌ಷೈರ್ ಪ್ರಾಂತದ ಬಾರ್ಫರ್ಡ್ ಎಂಬ ಹಳ್ಳಿಯಲ್ಲಿ, 1826ರ ನವೆಂಬರ್ 10ರಂದು. ತಂದೆ ಜಾನ್ ಕುರಿ ಕಾಯುತ್ತ, ಕೂಲಿ ಮಾಡುತ್ತ ಸಂಸಾರ ಸಾಗಿಸುತ್ತಿದ್ದ ಮಿತಭಾಷಿ. ತಾಯಿ ಹನ್ನಾ ಗಟ್ಟಿ ಮನಸ್ಸಿನ ಹೆಣ್ಣುಮಗಳು. ಮದುವೆಗೆ ಮುಂಚೆ ವಾರ್ವಿಕ್ ಕೋಟೆಯ ಅರಮನೆಯಲ್ಲಿ ಬಟ್ಟೆ ಒಗೆಯುವ ಕೆಲಸದಲ್ಲಿದ್ದವಳು. ಈ ಬಡಕುಟುಂಬಕ್ಕೆ ಇದ್ದ ಭಾಗ್ಯವೆಂದರೆ ಒಂದು ಸ್ವಂತ ಗುಡಿಸಲು. ಅಜ್ಜನ ಕಾಲದಲ್ಲಿ ಕೊಂಡುಕೊಂಡಿದ್ದ ಆ ಪುಟ್ಟ ಮನೆಯ ಮಹತ್ವ ಮುಂದೆ ತಿಳಿದುಬರುತ್ತದೆ. ಅಂದಿನ ಇಂಗ್ಲಿಷ್ ಹಳ್ಳಿಗಳಲ್ಲಿ ಕೂಲಿಕಾರರ ಮನೆಗಳು ಬಹುಪಾಲು ಜಮೀನುದಾರನವೋ ಗೇಣಿದಾರ ರೈತನವೋ ಆಗಿರುತ್ತಿದ್ದವು. ಧಣಿಯ ಮುನಿಸಿಗೆ ತುತ್ತಾದವನು ಕೆಲಸವನ್ನೂ ಸೂರನ್ನೂ ಒಂದೇ ದಿನ ಕಳೆದುಕೊಳ್ಳುತ್ತಿದ್ದನು. ಆರ್ಚ್ ಮನೆತನಕ್ಕೆ ಆ ಭಯವಿರಲಿಲ್ಲ.

ಹಸಿವಿನ ಭಯ ಮಾತ್ರ ಇತ್ತು. ಹೊರದೇಶದ ಧಾನ್ಯಕ್ಕೆ ಸುಂಕ ಹೇರಿ ಒಳನಾಡಿನ ಗೋದಿಯ ಬೆಲೆಯನ್ನು ಏರಿಸಿದ್ದ ಧಾನ್ಯ ಶಾಸನಗಳನ್ನು ಉಳಿಸಬೇಕೆಂದು ರೈತರು ಒಂದು ಮನವಿ ಪತ್ರಕ್ಕೆ ತಮ್ಮ ಕೂಲಿಕಾರರಿಂದಲೇ ಸಹಿ ಪಡೆಯುತ್ತಿದ್ದ ಕಾಲವದು. ಜೋಸೆಫನ ತಂದೆ ಸಹಿ ಮಾಡಲೊಪ್ಪಲಿಲ್ಲ. ಅದರ ಫಲವಾಗಿ 1835ರ ಚಳಿಗಾಲದಲ್ಲಿ ಹದಿನೆಂಟು ವಾರಗಳ ಕಾಲ ಆತನಿಗೆ ಯಾರೂ ಕೆಲಸ ಕೊಡಲಿಲ್ಲ. ತಾಯಿ ಹಗಲಿರುಳೆನ್ನದೆ ಪರರ ಬಟ್ಟೆ ಒಗೆದು ಮಕ್ಕಳಿಗೆ ಜವೆಗೋದಿಯ ರೊಟ್ಟಿ ತಿನ್ನಿಸಿ ಬದುಕಿಸಿದಳು. ಅಕ್ಷರ ಬಾರದ ಒಬ್ಬ ಕೂಲಿಕಾರನೂ ತನ್ನ ಹೆಸರಿಗೆ ಬೆಲೆಯಿದೆಯೆಂದು ತಿಳಿದಿದ್ದನೆಂಬುದನ್ನು ಎಂಟು ವರ್ಷದ ಬಾಲಕ ಕಣ್ಣಾರೆ ಕಂಡದ್ದು ಆಗ.

ಬಾಲ್ಯದ ಮತ್ತೊಂದು ಘಟನೆಯನ್ನು ಆರ್ಚ್ ತಮ್ಮ ಆತ್ಮಚರಿತ್ರೆಯಲ್ಲಿ ವಿಸ್ತಾರವಾಗಿ ಬರೆದಿದ್ದಾರೆ. ಚರ್ಚಿನಲ್ಲಿ ಪ್ರಭುಭೋಜನದ ಸಂಸ್ಕಾರ ನಡೆಯುವಾಗ ಮಕ್ಕಳನ್ನು ಹೊರಗೆ ಕಳುಹಿಸುವ ರೂಢಿಯಿತ್ತು. ಕುತೂಹಲ ತಡೆಯದ ಹುಡುಗ ಬಾಗಿಲಿನ ಬೀಗದ ಕಂಡಿಗೆ ಕಣ್ಣಿಟ್ಟು ನೋಡಿದನು. ಮೊದಲು ಊರ ಜಮೀನುದಾರ ಎದ್ದುಹೋದನು, ಆಮೇಲೆ ರೈತರು, ಆಮೇಲೆ ಅಂಗಡಿಕಾರರು, ಕಮ್ಮಾರ, ಬಡಗಿ, ಎಲ್ಲರಿಗಿಂತ ಕೊನೆಗೆ, ಬೇರೆಯಾಗಿ, ಒರಟು ಅಂಗಿ ತೊಟ್ಟ ಕೂಲಿಕಾರರು. ಅವರಲ್ಲಿ ತನ್ನ ತಂದೆಯೂ ಒಬ್ಬ. ದೇವರ ಎದುರಿನಲ್ಲಿಯೂ ಈ ಪಂಕ್ತಿಭೇದವೇ ಎಂದು ಆ ಎಳೆಯ ಮನಸ್ಸು ಕುದಿಯಿತು. ತಾನೆಂದೂ ಆ ಪಂಕ್ತಿಯಲ್ಲಿ ನಿಲ್ಲುವುದಿಲ್ಲವೆಂದು ಅಂದೇ ನಿಶ್ಚಯಿಸಿದನಂತೆ. ಮುಂದೆ ಆತ ಸರ್ಕಾರಿ ಚರ್ಚನ್ನು ತೊರೆದು, ಬಡವರೇ ಹೆಚ್ಚಾಗಿದ್ದ ಪ್ರಿಮಿಟಿವ್ ಮೆಥಡಿಸ್ಟ್ ಪಂಥದಲ್ಲಿ ಬೋಧಕನಾದದ್ದಕ್ಕೆ ಬೀಜ ಇಲ್ಲಿದೆ. ಸಾವಿರಾರು ಜನರೆದುರು ನಿಂತು ಮಾತನಾಡುವ ಶಕ್ತಿ ಆತನಿಗೆ ಬಂದದ್ದು ಆ ಪಂಥದ ಪುಟ್ಟ ಪ್ರಾರ್ಥನಾ ಮಂದಿರಗಳಿಂದಲೇ.

ಶಾಲೆಯ ಭಾಗ್ಯ ಮೂರು ವರ್ಷಗಳಷ್ಟೆ. ಆರನೆಯ ವಯಸ್ಸಿಗೆ ಸೇರಿ ಒಂಬತ್ತು ತುಂಬುವ ಹೊತ್ತಿಗೆ ಬಿಡಬೇಕಾಯಿತು. ಮೊದಲ ಉದ್ಯೋಗ ಬಿತ್ತಿದ ಹೊಲದಲ್ಲಿ ಕಾಗೆ ಓಡಿಸುವುದು; ದಿನಕ್ಕೆ ಹನ್ನೆರಡು ಗಂಟೆ ದುಡಿದರೆ ನಾಲ್ಕು ಪೆನ್ಸ್. ಅನಂತರ ನೇಗಿಲ ಕುದುರೆಗಳ ಜೊತೆಗಾರ, ಬಳಿಕ ಲಾಯದ ಹುಡುಗ. ಆದರೆ ವಿದ್ಯಾಭ್ಯಾಸ ನಿಲ್ಲಲಿಲ್ಲ. ರಾತ್ರಿಯ ಹೊತ್ತು ತಾಯಿ ಬೈಬಲ್ಲನ್ನೂ ಶೇಕ್ಸ್‌ಪಿಯರನನ್ನೂ ಮಗನಿಗೆ ಓದಿಹೇಳುತ್ತಿದ್ದಳು; ಕಾಗುಣಿತ ತಿದ್ದಿಸುತ್ತಿದ್ದಳು; ಲೆಕ್ಕ ಹಾಕಿಕೊಡುತ್ತಿದ್ದಳು. ಬಡವರ ಮನೆಯಲ್ಲಿ ಪುಸ್ತಕವಿದ್ದದ್ದೇ ಅಪರೂಪ. ಅದನ್ನು ಓದಿಸುವ ತಾಯಿ ಇದ್ದದ್ದು ಇನ್ನೂ ಅಪರೂಪ. 1842ರಲ್ಲಿ ಆಕೆ ತೀರಿಕೊಂಡಾಗ ಜೋಸೆಫನಿಗೆ ಹದಿನೈದು ವರ್ಷ. ತಾನು ಕಂಡ ಗುರುಗಳಲ್ಲಿ ತಾಯಿಯೇ ಮೊದಲಿಗಳೆಂಬ ಭಾವನೆ ಕೊನೆಯವರೆಗೂ ಆತನಲ್ಲಿತ್ತು.

ಆತ ಆರಿಸಿಕೊಂಡ ಕಸುಬು ಬೇಲಿ ಸವರುವುದು. ಇಂಗ್ಲೆಂಡಿನ ಹೊಲಗಳ ಸುತ್ತ ಇರುವುದು ಕಲ್ಲು ಕಟ್ಟೆಯಲ್ಲ, ಮುಳ್ಳುಗಿಡಗಳ ಜೀವಂತ ಬೇಲಿ. ಚಳಿಗಾಲದಲ್ಲಿ ಆ ಗಿಡಗಳ ಕಾಂಡವನ್ನು ಬುಡದಲ್ಲಿ ಮುಕ್ಕಾಲು ಪಾಲು ಕಡಿದು, ಸಾಯದಂತೆ ಬಾಗಿಸಿ, ಗೂಟಗಳ ನಡುವೆ ಹೆಣೆದು ನಿಲ್ಲಿಸಿದರೆ ವಸಂತದಲ್ಲಿ ಅದು ದನ ನುಗ್ಗಲಾರದಷ್ಟು ದಟ್ಟವಾಗಿ ಚಿಗುರುತ್ತದೆ. ಕಡಿತ ಹೆಚ್ಚಾದರೆ ಗಿಡ ಒಣಗುತ್ತದೆ, ಕಡಿಮೆಯಾದರೆ ಬಾಗುವುದಿಲ್ಲ. ಈ ಕೈಚಳಕದಲ್ಲಿ ಆರ್ಚ್ ಪಂದ್ಯಗಳನ್ನು ಗೆದ್ದು ದೇಶದ ಅಗ್ರಗಣ್ಯರೆನಿಸಿದರು. ಮಧ್ಯ ಇಂಗ್ಲೆಂಡಿನಲ್ಲಿಯೂ ವೇಲ್ಸಿನಲ್ಲಿಯೂ ತಂಡ ಕಟ್ಟಿಕೊಂಡು ಗುತ್ತಿಗೆಯ ಮೇಲೆ ಕೆಲಸಕ್ಕೆ ಹೋದರು. ಹೋದಲ್ಲೆಲ್ಲ ಹಳ್ಳಿಗಳ ಸ್ಥಿತಿಯನ್ನು ಕಂಡರು. ಸ್ವಂತ ಸೂರು, ಯಾವ ಒಬ್ಬ ಧಣಿಯನ್ನೂ ಆಶ್ರಯಿಸದ ಕಸುಬು, ಉಪದೇಶದಿಂದ ಪಳಗಿದ ನಾಲಿಗೆ, ಈ ಮೂರೂ ಒಬ್ಬನಲ್ಲಿ ಕೂಡಿಬಂದದ್ದರಿಂದಲೇ ಆತ ನಾಯಕನಾಗಲು ಸಾಧ್ಯವಾಯಿತು. ಆತನಷ್ಟೇ ಧೈರ್ಯವುಳ್ಳವರು ಬೇರೆಡೆ ಇದ್ದಿರಬಹುದು. ಆದರೆ ಧೈರ್ಯಕ್ಕೆ ನಿಲ್ಲಲು ಒಂದಡಿ ನೆಲ ಬೇಕಷ್ಟೆ.

1847ರಲ್ಲಿ ಮೇರಿ ಆನ್ ಮಿಲ್ಸ್ ಎಂಬಾಕೆಯೊಡನೆ ವಿವಾಹವಾಯಿತು, ಏಳು ಮಕ್ಕಳು. ತಂದೆ ಕೊನೆಗಾಲದಲ್ಲಿ ಹಾಸಿಗೆ ಹಿಡಿದಾಗ ಅವರ ಶುಶ್ರೂಷೆಗೆಂದು ವಾರಕ್ಕೆ ಒಂದೂವರೆ ಷಿಲಿಂಗ್ ನೆರವನ್ನು ಆರ್ಚ್ ಬಡವರ ಕಾನೂನಿನ ಅಧಿಕಾರಿಗಳಲ್ಲಿ ಕೇಳಿದರು. ಮುದುಕನನ್ನು ದೀನರ ದುಡಿಮೆಮನೆಗೆ ತಂದು ಬಿಡುವಂತೆ ಅವರು ಹೇಳಿದರು. ಜೀವನವಿಡೀ ದುಡಿದವನನ್ನು ಆ ಸೆರೆಮನೆಯಂಥ ಕಟ್ಟಡಕ್ಕೆ ದೂಡಲು ಮಗನ ಮನಸ್ಸು ಒಪ್ಪಲಿಲ್ಲ.

ಆ ಕಾಲದ ಇಂಗ್ಲೆಂಡಿನ ಕೃಷಿಯ ರಚನೆಯನ್ನು ನಮ್ಮ ಓದುಗರು ಸ್ವಲ್ಪ ಮನಸ್ಸಿಗೆ ತಂದುಕೊಳ್ಳಬೇಕು. ನಮ್ಮ ನಾಡಿನಂತೆ ಅಲ್ಲಿ ಸಣ್ಣ ಹಿಡುವಳಿಯ ಒಕ್ಕಲುಗಳು ಹೆಚ್ಚಾಗಿರಲಿಲ್ಲ. ಮೇಲೆ ಸಾವಿರಾರು ಎಕರೆಗಳ ಒಡೆಯರಾದ ಜಮೀನುದಾರರು. ನಡುವೆ ಅವರಿಂದ ನೂರಾರು ಎಕರೆ ಗೇಣಿಗೆ ಪಡೆದು ಬಂಡವಾಳ ಹೂಡುವ ರೈತರು. ಕೆಳಗೆ ಗೇಣು ಭೂಮಿಯೂ ಇಲ್ಲದ ಕೂಲಿಕಾರರು. ಶ್ರೀಮಂತ ದೇಶದ ಹಳ್ಳಿಯ ಕೂಲಿ ವಾರಕ್ಕೆ ಹತ್ತು ಹನ್ನೆರಡು ಷಿಲಿಂಗುಗಳನ್ನು ಮೀರುತ್ತಿರಲಿಲ್ಲ. 1867ರ ಸುಧಾರಣೆ ಪಟ್ಟಣದ ಕಾರ್ಮಿಕ ಕುಟುಂಬಗಳ ಯಜಮಾನರಿಗೆ ಮತ ಕೊಟ್ಟಿತು. ಹಳ್ಳಿಯವನನ್ನು ಹೊರಗೇ ಇಟ್ಟಿತು.

1872ರ ಫೆಬ್ರವರಿಯಲ್ಲಿ ನೆರೆಯ ವೆಲ್ಸ್‌ಬೋರ್ನಿನ ಕೂಲಿಕಾರರು ಮೂವರು ಬಾರ್ಫರ್ಡಿನ ಆ ಗುಡಿಸಲಿಗೆ ಬಂದರು. ತಮ್ಮೂರಿನಲ್ಲಿ ಒಂದು ಸಭೆ ಸೇರಿಸುವುದಾಗಿಯೂ ಆರ್ಚ್ ಬಂದು ಮಾತನಾಡಬೇಕೆಂದೂ ಬೇಡಿಕೊಂಡರು. ಮೂವತ್ತು ನಾಲ್ವತ್ತು ಜನ ಬಂದಾರೆಂದು ಎಣಿಸಿ 7ನೆಯ ತಾರೀಖಿನ ಸಂಜೆ ಆರ್ಚ್ ಅಲ್ಲಿಗೆ ಹೋದರು. ನೆರೆದಿದ್ದವರು ಅವರ ಅಂದಾಜಿನಂತೆ ಎರಡು ಸಾವಿರಕ್ಕೆ ಸಮೀಪ. ಯಾವ ಕೊಠಡಿಯೂ ಸಾಲದೆ, ಊರ ನಡುವಿನ ದೊಡ್ಡ ಚೆಸ್ಟ್‌ನಟ್ ಮರದ ಕೆಳಗೆ, ಹಂದಿ ಕೊಯ್ಯಲು ಬಳಸುವ ಮರದ ಹಲಗೆಪೀಠವನ್ನೇ ವೇದಿಕೆಯಾಗಿಸಿ ನಿಂತರು. ಅವರೆಕೋಲುಗಳ ತುದಿಗೆ ಕಂದೀಲು ಕಟ್ಟಿ ಜನ ಬೆಳಕು ಹಿಡಿದರು. ಆ ರಾತ್ರಿಯೇ ಸಂಘವೊಂದು ಮೊಳೆಯಿತು. ಮಾರ್ಚಿನಲ್ಲಿ ಹೆಚ್ಚು ಕೂಲಿಗಾಗಿ ಮುಷ್ಕರವಾಯಿತು. ಮೇ 29ರಂದು ಲೆಮಿಂಗ್ಟನ್ ನಗರದಲ್ಲಿ ರಾಷ್ಟ್ರೀಯ ಕೃಷಿ ಕೂಲಿಕಾರರ ಸಂಘ ಸ್ಥಾಪನೆಗೊಂಡು ಆರ್ಚ್ ಅದರ ಅಧ್ಯಕ್ಷರಾದರು. ನೀಲಿ ಪಟ್ಟಿ ಅದರ ಲಾಂಛನ. 1874ರ ವೇಳೆಗೆ ಸದಸ್ಯರ ಸಂಖ್ಯೆ 86,000ವನ್ನು ಮುಟ್ಟಿತು.

ಪ್ರತಿಷ್ಠಿತರ ಕೋಪವೂ ಹಾಗೆಯೇ ಬೆಳೆಯಿತು. ಗ್ಲಾಸ್ಟರಿನ ಬಿಷಪ್ಪರು ಇಂಥ ಚಳವಳಿಗಾರರನ್ನು ಕುದುರೆ ತೊಳೆಯುವ ಹೊಂಡಕ್ಕೆ ನೂಕಬಹುದೆಂಬ ಅರ್ಥ ಬರುವಂತೆ ಮಾತನಾಡಿ ಅಪಕೀರ್ತಿಗೆ ಗುರಿಯಾದರು. ಕ್ಯಾಥೊಲಿಕ್ ಧರ್ಮಗುರು ಮ್ಯಾನಿಂಗ್ ಅವರಾದರೋ ಅದೇ ವರ್ಷ ಲಂಡನ್ನಿನ ಸಭೆಯಲ್ಲಿ ಕೂಲಿಕಾರರ ಪರವಾಗಿ ವೇದಿಕೆಯೇರಿದರು. 1873ರಲ್ಲಿ ಆಕ್ಸ್‌ಫರ್ಡ್‌ಷೈರಿನ ಆಸ್ಕಾಟ್ ಹಳ್ಳಿಯಲ್ಲಿ ಮುಷ್ಕರ ಮುರಿಯಲು ಬಂದವರನ್ನು ತಡೆದರೆಂದು ಹದಿನಾರು ಮಂದಿ ಹೆಂಗಸರನ್ನು ಸೆರೆಗೆ ಹಾಕಲಾಯಿತು. ಕೆಲವರ ಕಂಕುಳಲ್ಲಿ ಹಸುಗೂಸುಗಳಿದ್ದವು. ತೀರ್ಪಿತ್ತ ನ್ಯಾಯಾಧಿಕಾರಿಗಳಿಬ್ಬರೂ ಪಾದ್ರಿಗಳೇ. ಕೂಲಿಕಾರರ ಅಂತಃಕರಣದಲ್ಲಿ ಆ ತೀರ್ಪು ಮಾಡಿದ ಗಾಯ ಬಹುಕಾಲ ಆರಲಿಲ್ಲ.

ಅದೇ ವರ್ಷ ಆರ್ಚ್ ಕೆನಡಾಕ್ಕೆ ಹೋಗಿ, ವಲಸೆ ಹೋಗುವ ಕೂಲಿಕಾರರಿಗೆ ಅಲ್ಲಿ ಎಂಥ ಬಾಳು ಕಾದಿದೆಯೆಂದು ಪರಿಶೀಲಿಸಿ ಬಂದರು. ಅಲ್ಲಿನ ಗವರ್ನರ್ ಜನರಲ್ ಆಗಿದ್ದ ಲಾರ್ಡ್ ಡಫರಿನ್ ಅವರನ್ನು ಬರಮಾಡಿಕೊಂಡರು. ಮುಂದೆ ಭಾರತದ ವೈಸರಾಯ್ ಆಗಿ ಬಂದವರು ಇವರೇ.

1874ರಲ್ಲಿ ಸಂಘದ ಮೇಲೆ ದೊಡ್ಡ ಪೆಟ್ಟು ಬಿದ್ದಿತು. ಸಫೋಕ್ ಮತ್ತು ಸುತ್ತಣ ಪ್ರಾಂತಗಳಲ್ಲಿ ವಾರಕ್ಕೆ ಒಂದು ಷಿಲಿಂಗ್ ಹೆಚ್ಚು ಕೇಳಿದ್ದಕ್ಕೆ ರೈತರು ಒಟ್ಟಾಗಿ ಸಂಘದ ಸದಸ್ಯರನ್ನೆಲ್ಲ ಕೆಲಸದಿಂದ ಹೊರದೂಡಿದರು. ವಸಂತದಿಂದ ಸುಗ್ಗಿಯವರೆಗೆ ಸಾವಿರಾರು ಕುಟುಂಬಗಳನ್ನು ಸಂಘವೇ ಸಾಕಬೇಕಾಯಿತು. ಕೂಲಿಕಾರರ ಮೆರವಣಿಗೆಯೊಂದು ನ್ಯೂಮಾರ್ಕೆಟ್ಟಿನಿಂದ ಉತ್ತರದ ಗಿರಣಿ ಪಟ್ಟಣಗಳವರೆಗೆ ನಡೆದುಹೋಗಿ ನಿಧಿ ಕೂಡಿಸಿತು. ಆದರೂ ಬೊಕ್ಕಸ ಬರಿದಾಯಿತು. ಜುಲೈ ಕೊನೆಯಲ್ಲಿ ಸಂಘ ಸೋಲನ್ನೊಪ್ಪಬೇಕಾಯಿತು. ಯಂತ್ರಗಳು ಬಂದು ಕೂಲಿಯಾಳುಗಳ ಅಗತ್ಯ ಕಡಿಮೆಯಾಗಿದ್ದುದೂ, ಅಮೆರಿಕದ ಅಗ್ಗದ ಗೋದಿ ಬಂದು ಬೇಸಾಯವೇ ನಷ್ಟಕ್ಕಿಳಿದುದೂ ಸೇರಿ ಮುಂದಿನ ವರ್ಷಗಳಲ್ಲಿ ಸದಸ್ಯರು ಉದುರಿಹೋದರು. ಒಳಜಗಳಗಳೂ ಇದ್ದವು. ಅವುಗಳ ಹೊಣೆಯಲ್ಲಿ ಒಂದು ಪಾಲು ಆರ್ಚ್ ಅವರದೇ. ತಮ್ಮ ಮಾತನ್ನು ಮೀರಿದವರನ್ನು ಸಹಿಸುವ ತಾಳ್ಮೆ ಅವರಿಗಿರಲಿಲ್ಲ. ತಾವು ಕಟ್ಟಿದ ಸಂಘವೆಂಬ ಅಭಿಮಾನ ಕೆಲವೊಮ್ಮೆ ಅಹಂಭಾವಕ್ಕೆ ತಿರುಗುತ್ತಿತ್ತು.

ಈ ಸೋಲಿನಿಂದ ಅವರು ಕಲಿತ ಪಾಠ ಒಂದು. ಕೂಲಿಯನ್ನು ಮುಷ್ಕರದಿಂದ ಏರಿಸಿದರೆ ಮುಂದಿನ ಚಳಿಗಾಲದಲ್ಲಿ ಇಳಿಸಿಬಿಡುತ್ತಾರೆ; ಕಾನೂನು ಮಾಡುವ ಸಭೆಯಲ್ಲಿ ಕೂಲಿಕಾರನಿಗೆ ಧ್ವನಿಯಿಲ್ಲದಿರುವವರೆಗೂ ಉಳಿದದ್ದೆಲ್ಲ ತಾತ್ಕಾಲಿಕ. ಅಂದಿನಿಂದ ಮತದ ಹಕ್ಕೇ ಅವರ ಮುಖ್ಯ ಘೋಷವಾಯಿತು. ಕಾಮನ್ಸ್ ಸಭೆಯಲ್ಲಿ ಈ ಬೇಡಿಕೆಯನ್ನು ವರ್ಷವರ್ಷವೂ ಎತ್ತಿದವರು ಜಾರ್ಜ್ ಒಟ್ಟೊ ಟ್ರೆವೆಲಿಯನ್. ಮೆಕಾಲೆಯ ಸೋದರಳಿಯ, ಮದರಾಸಿನ ಗವರ್ನರಾಗಿದ್ದ ಚಾರ್ಲ್ಸ್ ಟ್ರೆವೆಲಿಯನ್ನರ ಮಗ. ಹೊರಗೆ ಹಳ್ಳಿಹಳ್ಳಿ ತಿರುಗಿ ಜನರನ್ನು ಎಚ್ಚರಿಸಿದವರು ಆರ್ಚ್. 1880ರಲ್ಲಿ ವಿಲ್ಟನ್ ಎಂಬ ಕ್ಷೇತ್ರದಿಂದ ಸ್ಪರ್ಧಿಸಿ ಸೋತರು. ಅಲ್ಲಿನ ಕೂಲಿಕಾರರಲ್ಲಿ ಬಹುಮಂದಿಗೆ ಆಗ ಮತವೇ ಇರಲಿಲ್ಲ. 1884ರಲ್ಲಿ ಗ್ಲ್ಯಾಡ್‌ಸ್ಟನ್ ಸರ್ಕಾರ ಮೂರನೆಯ ಸುಧಾರಣಾ ಶಾಸನವನ್ನು ತಂದು ಹಳ್ಳಿಯ ಮನೆಯ ಯಜಮಾನನಿಗೂ ಪಟ್ಟಣದವನಿಗೆ ಸಮನಾದ ಹಕ್ಕನ್ನಿತ್ತಿತು. ಮತದಾರರ ಸಂಖ್ಯೆ ಸುಮಾರು ಮೂವತ್ತು ಲಕ್ಷದಿಂದ ಐವತ್ತು ಲಕ್ಷದ ಮೇಲಕ್ಕೇರಿತು. ಮರುವರ್ಷದ ಪುನರ್ವಿಂಗಡಣೆಯ ಶಾಸನ ದೊಡ್ಡ ದೊಡ್ಡ ಪ್ರಾಂತಕ್ಷೇತ್ರಗಳನ್ನು ಒಡೆದು ಒಬ್ಬೊಬ್ಬ ಸದಸ್ಯನ ಕ್ಷೇತ್ರಗಳನ್ನಾಗಿ ಮಾಡಿತು. ವಾಯವ್ಯ ನಾರ್ಫೋಕ್ ಹೀಗೆ ಹುಟ್ಟಿದ್ದು.

ವಾಷ್ ಎಂಬ ಕೊಲ್ಲಿಯ ದಂಡೆಯಲ್ಲಿ ಚಾಚಿಕೊಂಡಿದ್ದ ಈ ಕ್ಷೇತ್ರದ ಪಶ್ಚಿಮಕ್ಕೆ ಸಮುದ್ರದಿಂದ ಗೆದ್ದುಕೊಂಡ ಕಪ್ಪು ಜೌಗುನೆಲ. ಪೂರ್ವಕ್ಕೆ ಸುಣ್ಣಕಲ್ಲಿನ ದಿಣ್ಣೆಗಳ ಮೇಲೆ ಕಣ್ಣು ಹಾಯುವವರೆಗೂ ಜವೆಗೋದಿಯ ಹೊಲಗಳು. ನಡುವಿನ ಬಂದರು ಪಟ್ಟಣವಾದ ಕಿಂಗ್ಸ್ ಲಿನ್ ಪ್ರತ್ಯೇಕ ಕ್ಷೇತ್ರವಾಗಿದ್ದುದರಿಂದ ಉಳಿದದ್ದು ಬಹುಮಟ್ಟಿಗೆ ಶುದ್ಧ ಹಳ್ಳಿಗಾಡು. ಚರಿತ್ರೆ ಬಲ್ಲವರಿಗೆ ಇಲ್ಲಿನ ಊರುಗಳು ಅಪರಿಚಿತವಲ್ಲ. ನೆಲ್ಸನ್ ಹುಟ್ಟಿದ ಬರ್ನ್‌ಹ್ಯಾಮ್ ಥಾರ್ಪ್ ಇಲ್ಲಿದೆ. ಮೊದಲ ಪ್ರಧಾನಿ ವಾಲ್‌ಪೋಲನ ಹೌಟನ್ ಸೌಧ ಇಲ್ಲಿದೆ. ಟರ್ನಿಪ್ ಗೆಡ್ಡೆಯ ಬೇಸಾಯಕ್ಕೆ ಹೆಸರಾದ ಲಾರ್ಡ್ ಟೌನ್‌ಷೆಂಡನ ರೇನ್‌ಹ್ಯಾಮ್ ಇಲ್ಲಿದೆ. ಗೋದಿ, ಟರ್ನಿಪ್, ಜವೆಗೋದಿ, ಕ್ಲೋವರ್ ಎಂಬ ನಾಲ್ಕು ವರ್ಷಗಳ ಸರದಿ ಬೆಳೆಯಿಂದ ಪ್ರಪಂಚದ ಕೃಷಿಶಾಸ್ತ್ರಕ್ಕೇ ಪಾಠ ಹೇಳಿದ ನೆಲವಿದು. ಆದರೆ ಅದೇ ನೆಲದ ಕಾಸಲ್ ಏಕರ್ ಹಳ್ಳಿ ಹೆಂಗಸರನ್ನೂ ಮಕ್ಕಳನ್ನೂ ಗುಂಪು ಕಟ್ಟಿ ಗುತ್ತಿಗೆದಾರನ ಕೈಕೆಳಗೆ ದೂರದ ಹೊಲಗಳಿಗೆ ಅಟ್ಟುವ ಪದ್ಧತಿಗೆ ಕುಖ್ಯಾತವಾಗಿತ್ತು. ಎಂಟು ವರ್ಷದೊಳಗಿನ ಮಕ್ಕಳನ್ನು ಇಂಥ ಗುಂಪುಗಳಲ್ಲಿ ದುಡಿಸಬಾರದೆಂದು 1867ರಲ್ಲಿ ಶಾಸನವನ್ನೇ ಮಾಡಬೇಕಾಯಿತೆಂದರೆ ಎಂಟು ತುಂಬದ ಮಕ್ಕಳು ಅಲ್ಲಿಯವರೆಗೆ ದುಡಿಯುತ್ತಿದ್ದರೆಂದೇ ಅರ್ಥ. ಕೃಷಿಯ ಕೀರ್ತಿಯನ್ನು ಬರೆದ ಗ್ರಂಥಗಳಲ್ಲಿ ಈ ಮಕ್ಕಳ ಹೆಸರಿಲ್ಲ.

ಇಲ್ಲಿಯೇ ಸ್ಯಾಂಡ್ರಿಂಗ್‌ಹ್ಯಾಮ್ ಕೂಡ ಇದೆ. 1862ರಲ್ಲಿ ಯುವರಾಜ ಎಡ್ವರ್ಡರಿಗಾಗಿ ಕೊಳ್ಳಲಾದ ಆ ವಿಶಾಲ ಎಸ್ಟೇಟಿನಿಂದಾಗಿ ಸಿಂಹಾಸನದ ಉತ್ತರಾಧಿಕಾರಿಯೇ ಈ ಕ್ಷೇತ್ರದ ನಿವಾಸಿ. ಕಾಗೆ ಓಡಿಸುತ್ತಿದ್ದ ಹುಡುಗ ಯುವರಾಜರ ಊರಿನ ಪ್ರತಿನಿಧಿಯಾಗಲು ಹೊರಟದ್ದನ್ನು ಅಂದಿನ ಪತ್ರಿಕೆಗಳು ವಿನೋದವಾಗಿ ಕಂಡವು. ಮುಂದೆ ಅವರಿಬ್ಬರ ನಡುವೆ ಪರಸ್ಪರ ಗೌರವವೇ ಬೆಳೆಯಿತು.

1885ರ ಚುನಾವಣೆಯಲ್ಲಿ ಲಿಬರಲ್ ಪಕ್ಷದ ಉಮೇದುವಾರರಾಗಿ ನಿಂತ ಆರ್ಚ್ ಅವರ ಎದುರಾಳಿ ಪೋರ್ಟ್‌ಲೆಂಡ್ ಡ್ಯೂಕರ ಮನೆತನದ ಲಾರ್ಡ್ ಹೆನ್ರಿ ಬೆಂಟಿಂಕ್. ಒಂದು ಕಡೆ ಬೆಂಬಲಕ್ಕೆ ಕೋಟೆ ಸೌಧಗಳು, ಸಾರೋಟುಗಳು, ಪಾದ್ರಿಗಳು. ಇನ್ನೊಂದು ಕಡೆ ಅಕ್ಷರ ಬಲ್ಲವರೂ ಬಾರದವರೂ ಆದ ಕೂಲಿಕಾರರು. ಚುನಾವಣಾಧಿಕಾರಿಯ ಖರ್ಚನ್ನು ಉಮೇದುವಾರರೇ ಭರಿಸಬೇಕಿದ್ದ, ಗೆದ್ದ ಸದಸ್ಯನಿಗೆ ಒಂದು ಪೆನ್ನಿಯ ವೇತನವೂ ಇಲ್ಲದಿದ್ದ ಕಾಲವದು. ವೇತನ ಬಂದದ್ದು 1911ರಲ್ಲಿ. ಆದರೂ ಎರಡು ಶಾಸನಗಳು ಬಡವನ ನೆರವಿಗಿದ್ದವು. 1872ರಿಂದ ಮತದಾನ ರಹಸ್ಯವಾಗಿತ್ತು. 1883ರಿಂದ ಚುನಾವಣಾ ವೆಚ್ಚಕ್ಕೆ ಮಿತಿಯಿದ್ದು, ಮತದಾರರನ್ನು ಸಾಗಿಸಲು ಬಾಡಿಗೆ ಗಾಡಿ ಹೂಡುವುದು ಅಪರಾಧವಾಗಿತ್ತು. ಗುರುತು ಹಾಕಿದ ಚೀಟಿಯನ್ನು ಧಣಿ ಕಾಣಲಾರನೆಂದು ಕೂಲಿಕಾರನನ್ನು ನಂಬಿಸುವುದೇ ಆರ್ಚ್ ಅವರ ದೊಡ್ಡ ಕೆಲಸವಾಯಿತು. ತಲೆಮಾರುಗಳಿಂದ ಧಣಿಯ ಕಣ್ಣ ಕೆಳಗೇ ಬಾಳಿದವರಿಗೆ ರಹಸ್ಯವೆಂಬ ಮಾತನ್ನು ನಂಬುವುದು ಸುಲಭವಾಗಿರಲಿಲ್ಲ. ಕೊನೆಗೆ ನಂಬಿದರು. 640 ಮತಗಳ ಅಂತರದಿಂದ ಆರ್ಚ್ ಗೆದ್ದರು. ಗಣಿ ಕಾರ್ಮಿಕರ ಪ್ರತಿನಿಧಿಗಳು 1874ರಿಂದಲೇ ಆ ಸಭೆಯಲ್ಲಿದ್ದರು. ಹೊಲದಿಂದ ಬಂದವರಲ್ಲಿ ಇವರೇ ಮೊದಲಿಗರು.

ಲಂಡನ್ನಿನ ಉಡುಪಿನ ಸಂಪ್ರದಾಯಕ್ಕೆ ಮಣಿಯದೆ ಹಳ್ಳಿಯ ಒರಟು ಉಣ್ಣೆಯ ಅಂಗಿಯಲ್ಲಿಯೇ ಅವರು ಸಭೆಗೆ ಹೋದರು. 1886ರ ಜನವರಿ 26ರಂದು, ಕೂಲಿಕಾರರಿಗೆ ಬೇಸಾಯಕ್ಕಾಗಿ ತುಂಡುಭೂಮಿ ದೊರಕಿಸಬೇಕೆಂದು ಜೆಸ್ಸಿ ಕಾಲಿಂಗ್ಸ್ ತಂದ ತಿದ್ದುಪಡಿಯ ಮೇಲೆ ಮೊದಲ ಭಾಷಣ ಮಾಡಿದರು. ಪುಸ್ತಕದ ಅಂಕಿಅಂಶಗಳಿಂದಲ್ಲ, ಸ್ವಂತ ಕೈದೋಟದ ಅನುಭವದಿಂದ ಮಾತನಾಡಿದರು. ಆ ರಾತ್ರಿ 79 ಮತಗಳ ಅಂತರದಿಂದ ತಿದ್ದುಪಡಿ ಗೆದ್ದು ಸಾಲಿಸ್‌ಬರಿಯವರ ಸರ್ಕಾರ ಬಿದ್ದಿತು. ಆ ಸೋಲಿಗೆ ಐರಿಷ್ ರಾಜಕಾರಣವೇ ಮೂಲ ಕಾರಣವೆಂಬುದು ನಿಜ. ಆದರೂ ಕೂಲಿಕಾರನ ಕೈತೋಟದ ಪ್ರಶ್ನೆಯ ಮೇಲೆ ಒಂದು ಮಂತ್ರಿಮಂಡಲ ಉರುಳಿತೆಂಬುದು ನಾರ್ಫೋಕಿನ ಹಳ್ಳಿಗಳಿಗೆ ಕಡಿಮೆ ಸುದ್ದಿಯಲ್ಲ.

ಸಂತೋಷ ಬಹುಕಾಲ ಉಳಿಯಲಿಲ್ಲ. ಐರ್ಲೆಂಡಿಗೆ ಸ್ವಯಮಾಡಳಿತ ನೀಡುವ ವಿಷಯದಲ್ಲಿ ಲಿಬರಲ್ ಪಕ್ಷ ಒಡೆಯಿತು. ಕಾಲಿಂಗ್ಸ್, ಚೇಂಬರ್ಲಿನ್ ಮೊದಲಾದ ಭೂಸುಧಾರಣೆಯ ಮಿತ್ರರು ಗ್ಲ್ಯಾಡ್‌ಸ್ಟನ್ನರನ್ನು ಬಿಟ್ಟುಹೋದರು, ಆರ್ಚ್ ಬಿಡಲಿಲ್ಲ. 1886ರ ಜುಲೈಯಲ್ಲಿ ಮತ್ತೆ ಚುನಾವಣೆ. ಎದುರಾಳಿ ಅದೇ ಬೆಂಟಿಂಕ್. ಆರ್ಚ್ 20 ಮತಗಳಿಂದ ಸೋತರು. ಯಾರಿಗಾಗಿ ಹದಿನಾಲ್ಕು ವರ್ಷ ಹೋರಾಡಿದ್ದರೋ ಆ ಕೂಲಿಕಾರರಲ್ಲಿ ಅನೇಕರು ಈ ಸಲ ಮತಗಟ್ಟೆಗೆ ಬರಲೇ ಇಲ್ಲ. ಐರ್ಲೆಂಡಿನ ಪ್ರಶ್ನೆ ಅವರಿಗೆ ತಮ್ಮದೆನಿಸಲಿಲ್ಲ. ಭರವಸೆಯಿತ್ತ ಭೂಮಿ ಏಳು ತಿಂಗಳಲ್ಲಿ ಕೈಗೆ ಬಂದಿರಲಿಲ್ಲ. ನೋಂದಣಿಯ ನಿಯಮವೂ ಅವರಿಗೆ ಪ್ರತಿಕೂಲವಾಗಿತ್ತು. ಹನ್ನೆರಡು ತಿಂಗಳು ನೆಲೆನಿಂತಿದ್ದವನ ಹೆಸರು ಮಾತ್ರ ಮತದಾರರ ಪಟ್ಟಿಗೆ ಸೇರುತ್ತಿತ್ತು. ಧಣಿ ಬದಲಾದಂತೆ ಊರು ಬದಲಿಸುವ ಕೂಲಿಕಾರನಿಗೆ ಅದು ದುಸ್ಸಾಧ್ಯ. ಬಡವರ ನಿಧಿಯಿಂದ ನೆರವು ಪಡೆದವನಿಗೆ ಮತವಿಲ್ಲ. ಧಣಿಯ ಮನೆಯಲ್ಲೇ ಉಂಡು ಮಲಗುವ ಆಳಿಗೂ ಮತವಿಲ್ಲ. ಆಸ್ತಿವಂತನಿಗಾದರೋ ಆಸ್ತಿಯಿದ್ದ ಕ್ಷೇತ್ರಗಳಲ್ಲೆಲ್ಲ ಮತ.

ಮುಂದಿನ ಆರು ವರ್ಷಗಳು ಕಷ್ಟದ ವರ್ಷಗಳು. 1889ರ ಹೊತ್ತಿಗೆ ಸಂಘದಲ್ಲಿ ಉಳಿದವರು ನಾಲ್ಕು ಸಾವಿರದಷ್ಟು. ಕಾಯಿಲೆ ಬಿದ್ದ ಸದಸ್ಯರಿಗೆ ನೆರವಾಗಲೆಂದು ತೆರೆದ ನಿಧಿ, ಕಿರಿಯರು ಬಿಟ್ಟುಹೋಗಿ ವೃದ್ಧರು ಮಾತ್ರ ಉಳಿದಾಗ, ಸಂಘದ ಕೊರಳಿಗೇ ಭಾರವಾಯಿತು. ನಾರ್ಫೋಕಿನಲ್ಲಿ ಜಾರ್ಜ್ ಎಡ್ವರ್ಡ್ಸ್ ಎಂಬ ಮತ್ತೊಬ್ಬ ಕೂಲಿಕಾರ ಬೋಧಕರ ಪರಿಶ್ರಮದಿಂದ ಹೊಸ ಚೈತನ್ಯ ಬಂದು, 1892ರ ಚುನಾವಣೆಯಲ್ಲಿ ಆರ್ಚ್ ತಮ್ಮ ಸ್ಥಾನವನ್ನು ಮರಳಿ ಗೆದ್ದರು, 1895ರಲ್ಲಿಯೂ ಉಳಿಸಿಕೊಂಡರು.

ಈ ಎರಡನೆಯ ಅವಧಿ ಮೊದಲಿನಷ್ಟು ಪ್ರಭಾವಶಾಲಿಯಾಗಿರಲಿಲ್ಲವೆಂದು ಒಪ್ಪಬೇಕು. ವಯಸ್ಸು ಅರವತ್ತೈದು ದಾಟಿತ್ತು. 1894ರಲ್ಲಿ ಪತ್ನಿ ತೀರಿಕೊಂಡರು. ಸಭೆಯಲ್ಲಿ ಅವರು ಬಾಯಿ ತೆರೆಯುತ್ತಿದ್ದುದೇ ವಿರಳ. ಚೆಸ್ಟ್‌ನಟ್ ಮರದ ಕೆಳಗಿನ ಸಿಂಹ ವೆಸ್ಟ್‌ಮಿನ್ಸ್ಟರಿನಲ್ಲಿ ಪಳಗಿಹೋಯಿತೆಂದು ಕಿರಿಯ ಸಮಾಜವಾದಿಗಳು ಆಡಿಕೊಂಡರು. ಈ ಟೀಕೆಯಲ್ಲಿ ಹುರುಳಿಲ್ಲದಿಲ್ಲ. ಆದರೆ ವೃದ್ಧ ಬಡವರ ಸ್ಥಿತಿಯನ್ನು ವಿಚಾರಿಸಲು 1893ರಲ್ಲಿ ನೇಮಕವಾದ ರಾಜಾಯೋಗದಲ್ಲಿ ಅವರು ಕುಳಿತರೆಂಬುದನ್ನೂ ನೆನೆಯಬೇಕು. ಅದೇ ಆಯೋಗದಲ್ಲಿ ಯುವರಾಜರೂ ಸದಸ್ಯರು. ತಂದೆಗಾಗಿ ಒಂದೂವರೆ ಷಿಲಿಂಗ್ ಕೇಳಿ ಬರಿಗೈಯಲ್ಲಿ ಮರಳಿದ್ದ ಮಗ, ಆ ಕಾನೂನಿನ ನಡವಳಿಕೆಯನ್ನೇ ವಿಚಾರಿಸುವ ಪೀಠದಲ್ಲಿದ್ದನು. ಎಪ್ಪತ್ತು ದಾಟಿದ ಬಡವರಿಗೆ ವಾರಕ್ಕೆ ಐದು ಷಿಲಿಂಗಿನವರೆಗೆ ಪಿಂಚಣಿ ನೀಡುವ ಶಾಸನ ಬರಲು 1908ನ್ನು ಕಾಯಬೇಕಾಯಿತು. 1894ರ ಗ್ರಾಮ ಸಮಿತಿಗಳ ಶಾಸನದಿಂದ, ಪಾದ್ರಿ ಮತ್ತು ಜಮೀನುದಾರರ ಕೈಯಲ್ಲಿದ್ದ ಹಳ್ಳಿಯ ಆಡಳಿತದಲ್ಲಿ ಕೂಲಿಕಾರನೂ ಚುನಾಯಿತನಾಗಿ ಕೂರುವಂತಾಯಿತು. ಅಲ್ಲಿ ಕುಳಿತವರಲ್ಲಿ ಹಲವರು ಸಂಘದ ನೀಲಿ ಪಟ್ಟಿ ಕಟ್ಟಿ ಪಳಗಿದವರೇ. ಸಂಘ ಮಾತ್ರ 1896ರಲ್ಲಿ ಮುಚ್ಚಿಹೋಯಿತು.

1898ರಲ್ಲಿ ಅವರ ಆತ್ಮಚರಿತ್ರೆ ಪ್ರಕಟವಾಯಿತು. ಅದನ್ನು ಸಂಪಾದಿಸಿ ಮುನ್ನುಡಿ ಬರೆದವರು ವಾರ್ವಿಕ್ಕಿನ ಕೌಂಟೆಸ್; ತಾಯಿ ಬಟ್ಟೆ ಒಗೆದ ಕೋಟೆಯ ಅಂದಿನ ಒಡತಿ. ಗ್ರಂಥದಲ್ಲಿ ಆತ್ಮಪ್ರಶಂಸೆ ಹೆಚ್ಚು, ಜೊತೆಗಾರರ ಸ್ಮರಣೆ ಕಡಿಮೆ ಎಂಬ ಆಕ್ಷೇಪಣೆ ಸರಿಯಾದದ್ದೇ. ಆದರೆ ಆ ಶತಮಾನದ ಇಂಗ್ಲಿಷ್ ಹಳ್ಳಿಯನ್ನು ಕೆಳಗಿನಿಂದ ಕಂಡು ಬರೆದ ಪುಸ್ತಕಗಳು ಬೆರಳೆಣಿಕೆಯಷ್ಟಿರುವಾಗ ಇದರ ಬೆಲೆ ದೊಡ್ಡದು. 1900ರಲ್ಲಿ ಅವರು ರಾಜಕೀಯದಿಂದ ನಿವೃತ್ತರಾದರು. ಸಂಪಾದನೆ ಎಂಬುದೇನೂ ಇರಲಿಲ್ಲ. ಪಕ್ಷದ ಮಿತ್ರರು ಚಂದಾ ಕೂಡಿಸಿ ವರ್ಷಾಶನದ ಏರ್ಪಾಡು ಮಾಡಿದರು. ಬಾರ್ಫರ್ಡಿನ ಹಳೆಯ ಗುಡಿಸಲಿಗೆ ಹಿಂದಿರುಗಿ ಹೂದೋಟ ನೋಡಿಕೊಂಡಿದ್ದರು.

ವಾಯವ್ಯ ನಾರ್ಫೋಕ್ ಅವರ ಬಳಿಕವೂ ತನ್ನ ಒಲವನ್ನು ಬದಲಿಸಲಿಲ್ಲ. ಪಾದರಕ್ಷೆ ಉದ್ಯಮಿಯಾದ ಜಾರ್ಜ್ ವೈಟ್ 1900ರಿಂದ 1912ರಲ್ಲಿ ಮರಣ ಹೊಂದುವವರೆಗೆ ಅದನ್ನು ಪ್ರತಿನಿಧಿಸಿದರು. ಉಪಚುನಾವಣೆಯಲ್ಲಿ ಭೂಮಿಯ ಮೌಲ್ಯದ ಮೇಲೆ ತೆರಿಗೆ ಹಾಕಬೇಕೆಂಬ ವಾದದ ಎಡ್ವರ್ಡ್ ಹೆಮ್ಮರ್ಡೆ ಆರಿಸಿಬಂದರು. ಬೆಂಟಿಂಕರ ಆರು ವರ್ಷಗಳನ್ನು ಬಿಟ್ಟರೆ ಮೂವತ್ತಮೂರು ವರ್ಷಗಳ ಉದ್ದಕ್ಕೂ ಲಿಬರಲ್ ಪಕ್ಷದ ಕೈಯಲ್ಲಿಯೇ ಇದ್ದ ಕ್ಷೇತ್ರವಿದು. ಹಳ್ಳಿಗಾಡೆಂದರೆ ಜಮೀನುದಾರರ ಪಕ್ಷಕ್ಕೇ ಮೀಸಲು ಎಂಬ ಮಾತು ಇಲ್ಲಿ ಸುಳ್ಳಾಯಿತು. ಜಾರ್ಜ್ ಎಡ್ವರ್ಡ್ಸ್ 1906ರಲ್ಲಿ ನಾರ್ಫೋಕಿನಲ್ಲಿಯೇ ಕೂಲಿಕಾರರ ಸಂಘವನ್ನು ಮತ್ತೆ ಕಟ್ಟಿದರು. 1920ರಲ್ಲಿ ದಕ್ಷಿಣ ನಾರ್ಫೋಕಿನಿಂದ ತಾವೂ ಸಂಸತ್ತಿಗೆ ಹೋದರು. ಯುದ್ಧಕಾಲದ 1917ರ ಧಾನ್ಯೋತ್ಪಾದನಾ ಶಾಸನ ಕೃಷಿಕೂಲಿಗೆ ವಾರಕ್ಕೆ 25 ಷಿಲಿಂಗಿನ ಕನಿಷ್ಠ ಮಿತಿಯನ್ನು ವಿಧಿಸಿತು.

1918ರ ಶಾಸನ ಇಪ್ಪತ್ತೊಂದು ತುಂಬಿದ ಗಂಡಸರಿಗೆಲ್ಲ, ಮೂವತ್ತು ದಾಟಿದ ಬಹುಪಾಲು ಹೆಂಗಸರಿಗೂ ಮತ ನೀಡಿತು. ಬಡವರ ನಿಧಿಯ ನೆರವು ಪಡೆದವರಿಗಿದ್ದ ನಿಷೇಧವನ್ನು ತೆಗೆದುಹಾಕಿತು. ಚುನಾವಣಾಧಿಕಾರಿಯ ಖರ್ಚನ್ನು ಸರ್ಕಾರಕ್ಕೆ ಹೊರಿಸಿತು. ಅದೇ ಶಾಸನದ ಪುನರ್ವಿಂಗಡಣೆಯಲ್ಲಿ ವಾಯವ್ಯ ನಾರ್ಫೋಕ್ ಅಳಿದು, ಅದರ ಹಳ್ಳಿಗಳು ಬಹುಮಟ್ಟಿಗೆ ಕಿಂಗ್ಸ್ ಲಿನ್ ಕ್ಷೇತ್ರದಲ್ಲಿ ಲೀನವಾದವು. 1974ರಲ್ಲಿ ಆ ಹೆಸರನ್ನು ಮತ್ತೊಂದು ಕ್ಷೇತ್ರಕ್ಕೆ ಇಡಲಾಯಿತಾದರೂ ಅದು ಪಟ್ಟಣವನ್ನೂ ಒಳಗೊಂಡ ಬೇರೆಯದೇ ಕ್ಷೇತ್ರ.

1918ರ ಡಿಸೆಂಬರಿನಲ್ಲಿ ಹೊಸ ಪಟ್ಟಿಯ ಪ್ರಕಾರ ಚುನಾವಣೆ ನಡೆಯಿತು. ಎರಡು ತಿಂಗಳ ಬಳಿಕ, 1919ರ ಫೆಬ್ರವರಿ 12ರಂದು, ತೊಂಬತ್ತೆರಡು ವರ್ಷದ ಆರ್ಚ್ ತಾವು ಹುಟ್ಟಿದ ಬಾರ್ಫರ್ಡಿನ ಗುಡಿಸಲಿನಲ್ಲಿ ನಿಧನರಾದರು. ಅವರ ಸಮಾಧಿ ಅದೇ ಊರಿನ ಚರ್ಚಿನ ಅಂಗಳದಲ್ಲಿದೆ.